ತಾತ ಎಂಬ ಸ್ಪ್ಯಾನಿಷ್ ಮಾತು

ನನ್ನ ಮೊಮ್ಮಗಳು ನನ್ನನ್ನು ಮೊಟ್ಟಮೊದಲು ತಾತ ಎಂದು ಕರೆದದ್ದು ಸ್ಪ್ಯಾನಿಷ್‌ನಲ್ಲಿ. ಇದನ್ನು ಹೇಳಿದರೆ ನಮ್ಮ ಕನ್ನಡ ಬಳಗದಲ್ಲಿ ಎಲ್ಲರೂ ನಗುತ್ತಾರೆ. ನಾನೂ ನಗುತ್ತೇನೆ. ಆದರೆ ಅವರು ನಕ್ಕು ಕಾಫಿ ಮುಗಿಸಿ ಎದ್ದುಹೋದ ಮೇಲೂ ನನಗೆ ಒಳಗೊಳಗೇ ಸ್ವಲ್ಪ ಚುರುಕ್ ಅನ್ನುತ್ತಿರುತ್ತದೆ. ಮೈಸೂರಿನ ಚಾಮರಾಜಪುರಂನಲ್ಲಿ ಹುಟ್ಟಿ, ಕೆನಡಾಕ್ಕೆ ಬಂದು ತಲೆ ನರೆತರೂ ಕನಸಿನಲ್ಲಿ ಕನ್ನಡದಲ್ಲೇ ಬೈಸಿಕೊಳ್ಳುವ ನನಗೆ, ತಾತನೆಂಬ ಪದವಿ ಲ್ಯಾಟಿನ್ ಅಮೆರಿಕಾವನ್ನು ಪ್ರದಕ್ಷಿಣೆ ಹಾಕಿಕೊಂಡು ಬರಬೇಕಾಯಿತು.

ಹೆಸರಿನ ವಿಷಯದಲ್ಲಿ ನಾನು ಮಾನ ಮರ್ಯಾದೆ ಬಿಟ್ಟು ಬಹಳ ವರ್ಷಗಳಾದವು. ಅಪ್ಪ ಅಮ್ಮ ಇಟ್ಟ ಹೆಸರು ಶ್ರೀನಿವಾಸಮೂರ್ತಿ. ಟೊರಾಂಟೊ ಹತ್ತಿರದ ಬೋಲ್ಟನ್ನಿನ ಗೋದಾಮುಗಳಿಗೆ ಕನ್ವೇಯರ್ ಬೆಲ್ಟ್ ಕೂಡಿಸಿಕೊಡುವ ಕಂಪನಿಯಲ್ಲಿ ಇಂಜಿನಿಯರಾಗಿ ಸೇರಿದ ವಾರದಲ್ಲೇ ಅದರ ತಲೆ ಹೋಯಿತು, ಸೊಂಟ ಹೋಯಿತು, ಕೊನೆಗೆ ಉಳಿದ ಮೂರ್ತಿಯೂ ಮಾರ್ಟಿ ಆಯಿತು. ನಾನು ಚಕಾರ ಎತ್ತಲಿಲ್ಲ. ನಿವೃತ್ತಿಯ ದಿನ ಕೇಕಿನ ಮೇಲೆ ಮಾರ್ಟಿ ಎಂದೇ ಬರೆಸಿದ್ದರು. ಹಲ್ಲು ಕಿರಿಯುತ್ತ ಅದನ್ನೇ ಎರಡು ತುಂಡು ತಿಂದೆ. ಆದರೆ ಮೊಮ್ಮಗಳು ಹುಟ್ಟಿದ ದಿನ ಆಸ್ಪತ್ರೆಯ ಕಾರಿಡಾರಿನಲ್ಲಿ ನಿಂತು ಒಂದು ತೀರ್ಮಾನ ಮಾಡಿಬಿಟ್ಟೆ. ಊರೆಲ್ಲ ಏನಾದರೂ ಕರೆದುಕೊಳ್ಳಲಿ, ಇವಳ ಬಾಯಲ್ಲಿ ನಾನು ತಾತ ಆಗಬೇಕು, ನನ್ನ ತಾತನನ್ನು ನಾನು ಕರೆದ ಹಾಗೆ. ಬೇಡಿಕೆ ಇಷ್ಟು ಚಿಕ್ಕದಾಗಿದ್ದರೆ ದೇವರಿಗೂ ಅನುಕೂಲ ಎಂಬ ಲೆಕ್ಕಾಚಾರ ಬೇರೆ.

ಅಡ್ಡ ಬಂದದ್ದು ಟಾಟಾ. ನನ್ನ ಸೊಸೆ ಬೆಂಗಳೂರಿನವಳು. ಬೆಳಗ್ಗೆ ಆಫೀಸಿಗೆ ಹೊರಡುವಾಗ ಮಗುವಿನ ಕೈ ಹಿಡಿದು ಆಡಿಸಿ "ಟಾಟಾ ಮಾಡು ಕಂದ, ಟಾಟಾ" ಎನ್ನುವುದು ಅವಳ ಪದ್ಧತಿ. ನಮ್ಮಲ್ಲಿ ಎಲ್ಲ ತಾಯಂದಿರೂ ಮಾಡುವುದೇ. ಇತ್ತ ನಾನು ಅದೇ ಮಗುವಿನ ಮುಂದೆ ಚಕ್ಕಳಮಕ್ಕಳ ಹಾಕಿ ಕೂತು, ಎದೆ ಮುಟ್ಟಿಕೊಂಡು, ತಾತ ತಾತ ಎಂದು ಪಾಠ ಮಾಡುತ್ತಿದ್ದೆ. ವರ್ಷದ ಮಗುವಿಗೆ ಟಕಾರ ತಕಾರದ ಭೇದ ಎಲ್ಲಿಂದ ಬರಬೇಕು? ನಾನು ತಾತ ಎಂದ ಕೂಡಲೆ ಅದು ನನಗೆ ಕೈ ಬೀಸುತ್ತಿತ್ತು. ನಾನು ಹತ್ತಿರ ಸರಿದು ಇನ್ನೂ ಜೋರಾಗಿ ತಾತ ಎನ್ನುವುದು, ಅದು ಇನ್ನೂ ಜೋರಾಗಿ ಕೈ ಬೀಸುವುದು. ನನ್ನ ಹೆಂಡತಿ ಸುಮಿತ್ರಾ ಧಾರವಾಡದವಳು. ಒಂದು ದಿನ ಅಡಿಗೆಮನೆಯ ಬಾಗಿಲಲ್ಲಿ ನಿಂತು ಈ ಪಾಠವನ್ನು ನೋಡಿ, "ಕೂಸು ಅಷ್ಟ್ ಹೇಳ್ಲಿಕ್ಕತ್ತದ, ಹೋಗಬಾರದೇನ್ರಿ?" ಎಂದಳು.

ಆಮೇಲೆ ಡೇಕೇರ್ ಶುರುವಾಯಿತು. ಅಲ್ಲಿಂದ ಗ್ರ್ಯಾಂಡ್‌ಪಾ ಎಂಬ ಮಾತು ಮನೆಗೆ ಬಂತು, ನನ್ನ ಮೇಲೆ ಕೂತಿತು, ಏಳಲೇ ಇಲ್ಲ. ಸುಮಿತ್ರಾ ಮಾತ್ರ ಅಜ್ಜಿಯಾಗಿಯೇ ಉಳಿದಳು. ಅಜ್ಜಿ ಎಂದರೆ ಚಕ್ಕುಲಿ, ಅಜ್ಜಿ ಎಂದರೆ ತುಪ್ಪದ ದೋಸೆ. ಅದನ್ನೆಲ್ಲ ಗ್ರ್ಯಾಂಡ್‌ಮಾ ಎಂದು ಕೂಗಿದರೆ ಸಿಗುತ್ತದೋ ಇಲ್ಲವೋ ಎಂಬ ಅನುಮಾನ ಮಗುವಿಗೆ ಇದ್ದಿರಬೇಕು. ಮಗುವಿನ ಹೆಸರು ಅನಘ. ಸ್ಕೂಲಿನಲ್ಲಿ ಅದೂ ಸವೆದು ಅನಾ ಆಯಿತು. ನಾವು ಕನ್ನಡದಲ್ಲಿ ಕೇಳುತ್ತಿದ್ದೆವು, ಅವಳು ಇಂಗ್ಲಿಷಿನಲ್ಲಿ ಹೇಳುತ್ತಿದ್ದಳು. ಕನ್ನಡ ಕಲಿಸುತ್ತೇನೆ ಬಾ ಎಂದು ನಾನು ಸ್ಲೇಟು ತೆಗೆದರೆ ಅವಳಿಗೆ ತಕ್ಷಣ ಬಾತ್‌ರೂಮಿಗೆ ಹೋಗಬೇಕಾಗುತ್ತಿತ್ತು.

ಅನಘಳಿಗೆ ಆರು ವರ್ಷವಾದ ಚಳಿಗಾಲದಲ್ಲಿ ಮಗ ಸೊಸೆ ಇಬ್ಬರಿಗೂ ಶನಿವಾರದ ಕೆಲಸ ಬಿತ್ತು. ಅವರ ಮನೆ ಮಿಸ್ಸಿಸಾಗಾದ ಎರಿನ್ ಮಿಲ್ಸ್‌ನಲ್ಲಿ ನಮ್ಮ ಪಕ್ಕದ ಬೀದಿಯಲ್ಲೇ. ಹಾಗಾಗಿ ಶನಿವಾರ ಬೆಳಗ್ಗೆ ಅವಳನ್ನು ಲೈಬ್ರರಿಗೆ ಕರೆದೊಯ್ಯುವುದು ನನ್ನ ಪಾಲಿಗೆ ಬಂತು. ಅಲ್ಲಿ ಬೇರೆ ಬೇರೆ ಭಾಷೆಯ ಮಕ್ಕಳ ಪುಸ್ತಕಗಳ ಕಪಾಟುಗಳಿದ್ದವು. ಪಂಜಾಬಿ ಇತ್ತು, ಉರ್ದು ಇತ್ತು, ತಮಿಳು ಇತ್ತು. ನಾನು ಹೋದಾಗಲೆಲ್ಲ ಕನ್ನಡ ಹುಡುಕುತ್ತಿದ್ದೆ, ಕಳೆದ ವಾರ ಇಲ್ಲದ್ದು ಈ ವಾರ ಮೊಳೆತಿರಬಹುದು ಎಂಬ ಹಾಗೆ.

ಆ ಶನಿವಾರ ಅದು ಮೊಳೆತೇಬಿಟ್ಟಿತ್ತು! ರಟ್ಟಿನ ಮೇಲೆ ಗೋಧಿ ಬಣ್ಣದ ಮುದುಕ, ಬಿಳಿ ಮೀಸೆ, ಚೌಕಳಿ ಅಂಗಿ. ಅವನ ಪಕ್ಕದಲ್ಲಿ ಎರಡು ಜಡೆಯ ಹುಡುಗಿ. ಹಿಂದೆ ಬಾಲ್ಕನಿಯಲ್ಲಿ ಸಾಲಾಗಿ ತೂಗುಬಿಟ್ಟ ಕೆಂಪು ಮೆಣಸಿನಕಾಯಿ. ಶೀರ್ಷಿಕೆಯಲ್ಲಿ ಇಂಗ್ಲಿಷ್ ಅಕ್ಷರಗಳಲ್ಲಿ ದೊಡ್ಡದಾಗಿ ತಾತ! ಓದುವ ಕನ್ನಡಕ ಕಾರಿನಲ್ಲಿತ್ತು. ಆದರೆ ಮೆಣಸಿನಕಾಯಿ ನೋಡಲು ಕನ್ನಡಕ ಏಕೆ? ಬ್ಯಾಡಗಿಯೇ ಅನ್ನಿಸಿತು. ನಮ್ಮವರು ಯಾರೋ ಬರೆದುಬಿಟ್ಟಿದ್ದಾರೆ ಎಂದು ಮೈ ಜುಮ್ಮೆಂದಿತು. ಪುಸ್ತಕವನ್ನು ಎದೆಗವಚಿಕೊಂಡು ಮಕ್ಕಳ ವಿಭಾಗದ ಮೇಜಿಗೆ ಹೋಗಿ, ಅಲ್ಲಿದ್ದ ನನ್ನ ವಯಸ್ಸಿನ ಹೆಂಗಸಿಗೆ, ಇದು ನಮ್ಮ ಪುಸ್ತಕ, ನಮ್ಮ ಭಾಷೆಯ ಮಾತು, ನಮ್ಮ ಕಡೆಯ ಮೆಣಸಿನಕಾಯಿ ಎಂದು ಒಂದೇ ಉಸಿರಿನಲ್ಲಿ ಹೇಳಿದೆ.

ಆಕೆ ಮಾರ್ತಾ. ಚಿಲಿ ದೇಶದವರು, ನಾನು ಬಂದ ಕಾಲಕ್ಕೇ ಇಲ್ಲಿಗೆ ಬಂದವರು, ಟೀಚರಾಗಿ ನಿವೃತ್ತರಾಗಿ ಶನಿವಾರ ಮಕ್ಕಳಿಗೆ ಸ್ಪ್ಯಾನಿಷ್ ಕಥೆ ಓದಿ ಹೇಳುತ್ತಾರೆ ಎಂದು ಆಮೇಲೆ ತಿಳಿಯಿತು. ಅವರು ಬಹಳ ವಿನಯದಿಂದ ಸಾರಿ ಹೇಳಿ, ಇದು ತಮ್ಮ ಭಾಷೆಯ ಪುಸ್ತಕ ಎಂದರು. ನಾನೂ ಸಾರಿ ಹೇಳಿ, ಇಲ್ಲ ನಮ್ಮದು ಎಂದೆ. ಕೆನಡಾದಲ್ಲಿ ಜಗಳ ಹೀಗೇ ನಡೆಯುವುದು. ಕೊನೆಗೆ ಅವರು ಪುಸ್ತಕ ತೆರೆದು ಮೊದಲ ಸಾಲು ಓದಿದರು. "ತಾತ" ಎಂದರು. ಟಾಟಾ ಅಲ್ಲ ಸ್ವಾಮಿ, ಥಾಥಾ ಅಲ್ಲ, ನಾಲಿಗೆ ತುದಿಯನ್ನು ಹಲ್ಲಿಗೆ ಮುಟ್ಟಿಸಿ ಅಪ್ಪಟ ಚಾಮರಾಜಪುರಂ ತಾತ. ನನಗೆ ಕಣ್ಣು ಮಂಜಾಯಿತು. ಅಲ್ಲಿಂದ ಮುಂದೆ ಅವರು ಓದಿದ್ದು ಒಂದಕ್ಷರವೂ ಅರ್ಥವಾಗಲಿಲ್ಲ. ಅವರ ದೇಶದಲ್ಲೂ, ಪುಸ್ತಕ ಬರೆದವರ ಮೆಕ್ಸಿಕೋದ ಕೆಲವು ಕಡೆಯೂ, ಅಜ್ಜನನ್ನು ತಾತ ಎನ್ನುವುದುಂಟಂತೆ.

ಆ ದಿನ ಮಾರ್ತಾ ಮಕ್ಕಳಿಗೆ ಅದನ್ನೇ ಓದಿ, ನಡುನಡುವೆ ಇಂಗ್ಲಿಷಿನಲ್ಲೂ ಬಿಡಿಸಿ ಹೇಳಿದರು. ಕಥೆ ಸರಳ. ಊರು ಬಿಟ್ಟು ಚಳಿಯ ಪಟ್ಟಣಕ್ಕೆ ಬಂದ ತಾತ ಬಾಲ್ಕನಿಯಲ್ಲಿ ಮೆಣಸಿನ ಗಿಡ ಬೆಳೆಸುತ್ತಾನೆ, ಗಿಡ ಬಾಡುತ್ತದೆ, ಚಿಕ್ಕಪ್ಪ ಸೋದರತ್ತೆ ಅವರ ಮಕ್ಕಳು ಎಲ್ಲರೂ ಒಂದೊಂದು ಕುಂಡವನ್ನು ತಮ್ಮ ತಮ್ಮ ಕಿಟಕಿಯಲ್ಲಿ ಸಾಕಿ ಕೊನೆಗೆ ಮೆಣಸಿನಕಾಯಿ ಹುರಿಯಲು ಒಂದೇ ಅಡಿಗೆಮನೆಯಲ್ಲಿ ಸೇರುತ್ತಾರೆ. ಅನಘ ಕಾರ್ಪೆಟ್ಟಿನ ಮೇಲೆ ಕೂತು ಬಾಯಿ ಬಿಟ್ಟುಕೊಂಡು ಕೇಳಿದಳು. ಮನೆಗೆ ಬರುವಾಗ ಕಾರಿನ ಹಿಂದಿನ ಸೀಟಿನಿಂದ, ಸ್ಪ್ಯಾನಿಷ್‌ನಲ್ಲಿ ಗ್ರ್ಯಾಂಡ್‌ಪಾಗೆ ತಾತ ಅನ್ನುತ್ತಾರೆ, ಇನ್ನು ಮೇಲೆ ನಿನ್ನನ್ನು ಹಾಗೇ ಕರೆಯಲಾ ಎಂದು ಇಂಗ್ಲಿಷಿನಲ್ಲಿ ಕೇಳಿದಳು. ತಾತ ಎಂಬುದನ್ನು ಮಾತ್ರ ಮಾರ್ತಾ ಹೇಳಿದ ಹಾಗೇ ಹೇಳಿದಳು. ಅದು ಕನ್ನಡ ಕಣೆ ಎಂದು ನಾನು ಶುರುಮಾಡಿದೆ. ಅಲ್ಲ, ಮಿಸ್ ಮಾರ್ತಾ ಸ್ಪ್ಯಾನಿಷ್ ಅಂದಿದ್ದಾರೆ ಎಂದಳು. ಟೀಚರ ಮಾತಿನ ಮುಂದೆ ತಾತನ ಮಾತು ಯಾವ ದೇಶದಲ್ಲಿ ನಡೆದಿದೆ? ಆಮೇಲೆ ಅವಳು, ನಿನಗೆ ಸ್ಪ್ಯಾನಿಷ್ ಬರುತ್ತಾ ಎಂದು ಕೇಳಿದಳು. ಅಷ್ಟು ವರ್ಷ ಕಾದ ಮಾತು ಆಗತಾನೇ ಕಿವಿಗೆ ಬಿದ್ದಿತ್ತು, ಬುದ್ಧಿ ನೆಟ್ಟಗಿರಲಿಲ್ಲ. "ಸ್ವಲ್ಪ ಸ್ವಲ್ಪ" ಎಂದುಬಿಟ್ಟೆ.

ಮನೆಯಲ್ಲಿ ಸುಮಿತ್ರಾಳ ಮುಂದೆ ನನ್ನ ಭಾಷಣ ನಡೆಯಿತು. ಇಂಗ್ಲಿಷಿನವರಿಗೆ ದಂತ್ಯ ತಕಾರವೇ ಇಲ್ಲ, ಇಲ್ಲೇ ಹುಟ್ಟಿದ ನಮ್ಮ ಮಗ ಕಿರಣನ ಬಾಯಲ್ಲೂ ಅದು ನೆಟ್ಟಗೆ ಹೊರಡುವುದಿಲ್ಲ, ನಾನು ವರ್ಷಗಟ್ಟಲೆ ತಿಣುಕಿ ಕಲಿಸಲಾಗದ್ದನ್ನು ಚಿಲಿಯ ಟೀಚರು ಅರ್ಧ ಗಂಟೆಯಲ್ಲಿ ಕಲಿಸಿದರು, ಆದರೂ ಮಾತು ನಮ್ಮದು, ಹೆಸರು ಅವರಿಗೆ ಹೋಗುವುದು ಅನ್ಯಾಯ ಎಂದೆಲ್ಲ ಹೇಳಿದೆ. ಅವಳು ಸೊಪ್ಪು ಬಿಡಿಸುತ್ತಲೇ ಕೇಳಿಸಿಕೊಂಡಳು. ಧಾರವಾಡದಲ್ಲಿ ಯಾರೂ ತಾತ ಎನ್ನುವುದಿಲ್ಲ, ಅಜ್ಜ ಎನ್ನುತ್ತಾರೆ, ತಾತ ಎನ್ನುವುದನ್ನು ತಾನು ಮೊದಲು ಕೇಳಿದ್ದೇ ಪಕ್ಕದ ಮನೆಯ ತೆಲುಗರ ಬಾಯಲ್ಲಿ ಎಂದಳು. ಟೊರಾಂಟೊದ ತಮಿಳು ಗೆಳೆಯರೂ ತಾತ್ತಾ ಎನ್ನುವುದು ಆಗ ನೆನಪಾಯಿತು. ನಾನು ಅಪ್ಪನ ಮನೆಯ ಆಸ್ತಿ ಎಂದುಕೊಂಡು ಕಾವಲು ಕಾಯುತ್ತಿದ್ದ ಜಾಗದಲ್ಲಿ ಇಷ್ಟೊಂದು ಜನ ಸಂಸಾರ ಹೂಡಿದ್ದರು. ಹಲ್ಲು ಬರುವ ಮೊದಲು ಎಲ್ಲ ದೇಶದ ಮಕ್ಕಳೂ ಪಾ ಪಾ, ಮಾ ಮಾ, ತಾ ತಾ ಅನ್ನುತ್ತವೆ, ಎದುರಿಗೆ ಕಂಡ ಮುದುಕ ಅದನ್ನು ತನ್ನ ಹೆಸರು ಎಂದು ಎತ್ತಿಕೊಳ್ಳುತ್ತಾನೆ, ಅಷ್ಟೇ ಇರಬೇಕು. ಹಾಗಂತ ನನಗೆ ಸಮಾಧಾನವೇನೂ ಆಗಲಿಲ್ಲ.

ಮುಂದಿನ ವಾರ ಸುಮಿತ್ರಾಳ ಸರದಿ ಬಂತು. ಅದೇ ಪುಸ್ತಕದಲ್ಲಿ ಅಜ್ಜಿಗೆ ನಾನಾ ಎಂದಿತ್ತು. ಅನಘ ಬಂದವಳೇ ಅವಳನ್ನು ನಾನಾ ಎಂದಳು. ಅಷ್ಟರಲ್ಲಿ ಬಂದಿದ್ದ ಪಕ್ಕದ ಮನೆಯ ಪಂಜಾಬಿ ಹೆಂಗಸು ಬಿದ್ದು ಬಿದ್ದು ನಕ್ಕರು, ಅವರ ಭಾಷೆಯಲ್ಲಿ ನಾನಾ ಎಂದರೆ ತಾಯಿಯ ಅಪ್ಪ. ನಾನು ಲೈಬ್ರರಿಯಲ್ಲಿ ಮಾರ್ತಾರನ್ನು ಕೇಳಿದರೆ, ಮೆಕ್ಸಿಕೋದ ಮಾತು ಹೇಗೋ, ನಮ್ಮ ಚಿಲಿಯಲ್ಲಿ ನಾನಾ ಎಂದರೆ ಮಗು ನೋಡಿಕೊಂಡು ಮನೆಗೆಲಸ ಮಾಡುವವಳು ಎಂದು ಸಂಕೋಚದಿಂದ ಹೇಳಿದರು. ಇದನ್ನು ಹೆಂಡತಿಗೆ ವರದಿ ಮಾಡುವ ಸಂತೋಷವನ್ನು ನಾನು ಯಾರಿಗೂ ಬಿಟ್ಟುಕೊಡಲಿಲ್ಲ. ಅವಳು ಲಟ್ಟಣಿಗೆ ಕೆಳಗಿಡದೆ, "ಖರೇನ ಹೇಳ್ಯಾಳ ಬಿಡ್ರಿ. ಅದ ಕೆಲಸ ಅಲ್ಲೇನು ನಾ ಮಾಡೂದು?" ಎಂದಳು. ಆದರೆ ಹೋಳಿಗೆ ಬೇಕಾದ ಸಂಜೆ ಅನಘ ತಾನಾಗಿಯೇ ಅಜ್ಜಿ ಎನ್ನುವುದಕ್ಕೆ ವಾಪಸು ಬಂದಳು.

ನಾವು ತಾತ ಮೊಮ್ಮಗಳು, ಪಕ್ಕದಲ್ಲೇ ಇಂಗ್ಲಿಷ್ ಅನುವಾದವೂ ಇದ್ದ ಪುಸ್ತಕಗಳ ಆ ಸ್ಪ್ಯಾನಿಷ್ ಕಪಾಟನ್ನೇ ಬರಿದು ಮಾಡಿದೆವು. ಎಂಥ ಪುಸ್ತಕಗಳು ಅಂತೀರಿ! ಯಾವ ಪುಟ ತೆರೆದರೂ ಜನವೋ ಜನ. ಹಬ್ಬಕ್ಕೆ ಜೋಳದ ಎಲೆಯಲ್ಲಿ ಕಡುಬಿನಂಥದ್ದನ್ನು ಕಟ್ಟುತ್ತ ಸೋದರತ್ತೆಯರು ಒಬ್ಬರ ಮೇಲೊಬ್ಬರು ಚಾಡಿ ಹೇಳುತ್ತಿರುತ್ತಾರೆ, ಮೇಜಿನ ಕೆಳಗೆ ಮಕ್ಕಳು ಕದ್ದು ತಿನ್ನುತ್ತಿರುತ್ತವೆ. ಡಾಕ್ಟರ ಹತ್ತಿರ ಅಜ್ಜಿಯ ಮೊಣಕಾಲು ನೋವನ್ನು ಮೊಮ್ಮಗಳು ಇಂಗ್ಲಿಷಿಗೆ ತರುತ್ತಾಳೆ, ಅಜ್ಜಿ ಹೇಳಿದ್ದರಲ್ಲಿ ಅರ್ಧ ಬಿಟ್ಟು. ಯಾರೂ ರಾಜರಲ್ಲ, ಋಷಿಗಳಲ್ಲ, ಕೊನೆಯಲ್ಲಿ ನೀತಿಯೂ ಇಲ್ಲ. ನಾನು ಕಿರಣನಿಗೆ ಚಿಕ್ಕಂದಿನಲ್ಲಿ ಊರಿಂದ ತರಿಸಿಕೊಟ್ಟ ಪುಸ್ತಕಗಳಲ್ಲಿ ಇದ್ದವರೆಲ್ಲ ಕಿರೀಟ ಇಟ್ಟವರು. ಮಿಸ್ಸಿಸಾಗಾದ ಬೇಸ್‌ಮೆಂಟಿನಲ್ಲಿ ಹಪ್ಪಳ ಒಣಗಿಸಲು ಟೇಬಲ್ ಫ್ಯಾನ್ ಹಾಕುವ ಅಜ್ಜಿ ಯಾವ ಪುಸ್ತಕದಲ್ಲೂ ಇರಲಿಲ್ಲ. ನನಗೆ ಅಸೂಯೆಯಾಯಿತು, ಮುಚ್ಚಿಡುವುದೇನು.

ಚಟ ಹತ್ತಿದ ಮೇಲೆ ನಾನು ಅವರ ಕಡೆಯವರೇ ಇಂಗ್ಲಿಷಿನಲ್ಲಿ ಬರೆದ ದೊಡ್ಡ ಮಕ್ಕಳ ಕಾದಂಬರಿಗಳಿಗೂ ಕೈ ಹಾಕಿದೆ. ರಟ್ಟಿನ ಮೇಲೆ ಹದಿನೈದರ ಹುಡುಗಿ ಗುಲಾಬಿ ಗೌನು ತೊಟ್ಟು ನಿಂತಿದ್ದ ಒಂದನ್ನು, ಹಿಮ ಕರಗಿದ ಒಂದು ಬಿಸಿಲಿನ ದಿನ, ಪೋರ್ಟ್ ಕ್ರೆಡಿಟ್‌ನ ಸರೋವರದ ದಂಡೆಯ ಬೆಂಚಿನ ಮೇಲೆ, ಮರ್ಯಾದೆಗೆ ಪೇಪರಿನೊಳಗೆ ಇಟ್ಟುಕೊಂಡು ಓದುತ್ತಿದ್ದಾಗ, ಕನ್ನಡ ಬಳಗದ ನಿವೃತ್ತ ಡಾಕ್ಟರೊಬ್ಬರು ವಾಕಿಂಗ್ ಬಂದವರು ಹಿಂದಿನಿಂದ ಬಗ್ಗಿ ನೋಡಿ ಏನೂ ಹೇಳದೆ ಮುಂದೆ ಹೋದರು. ಬೈದಿದ್ದರೂ ವಾಸಿಯಿತ್ತು. ಆ ಹುಡುಗಿ ಅಂಗಡಿಯಲ್ಲಿ ಅಮ್ಮ ಸ್ಪ್ಯಾನಿಷ್‌ನಲ್ಲಿ ಕೂಗಿದಾಗಲೆಲ್ಲ ಕಪಾಟಿನ ಮರೆಗೆ ಸರಿಯುತ್ತಾಳೆ. ಓದುತ್ತಿದ್ದಂತೆ ನನ್ನ ಕಿರಣ ನೆನಪಾದ. ಆ ವಯಸ್ಸಿನಲ್ಲಿ ಅವನು ಎರಿನ್ ಮಿಲ್ಸ್ ಮಾಲಿನಲ್ಲಿ ನನ್ನಿಂದ ದೂರ ದೂರ ನಡೆಯುತ್ತಿದ್ದ. ಅವನಿಗೆ ಕನ್ನಡವೆಂದರೆ ನಾಚಿಕೆ ಎಂದು ನಾನು ಇಷ್ಟು ವರ್ಷ ಕೊರಗಿದ್ದೆ. ಆ ಸಂಜೆ ಅವನಿಗೆ ಫೋನು ಮಾಡಿ, ಪುಟ್ಟಾ, ನಿನ್ನ ಕಷ್ಟ ಈಗ ಅರ್ಥವಾಯಿತು ಎಂದು ಗದ್ಗದನಾಗಿ ಹೇಳಿದೆ. ಅವನು ನಕ್ಕು, ಕನ್ನಡದಿಂದಲ್ಲ ಅಪ್ಪಾ, ನೀನು ಅಂಗಡಿಯ ಆ ಕೊನೆಯಿಂದ ನನ್ನ ಚಡ್ಡಿ ಸೈಜು ಕೇಳುತ್ತಿದ್ದೆಯಲ್ಲ ಅದಕ್ಕೆ ಎಂದ.

ಹೀಗೆ ವಸಂತ ಬರುವ ಹೊತ್ತಿಗೆ ಮಾರ್ತಾ ಅಜ್ಜ ಅಜ್ಜಿಯರಿಗೊಂದು ಶನಿವಾರ ಇಟ್ಟುಕೊಂಡರು. ಮಕ್ಕಳು ತಮ್ಮ ಅಜ್ಜನನ್ನೋ ಅಜ್ಜಿಯನ್ನೋ ಕರೆತರಬೇಕು, ಅವರು ಮೆಣಸಿನಕಾಯಿ ತಾತನ ಪುಸ್ತಕದಿಂದ ಒಂದು ಪುಟ ಸ್ಪ್ಯಾನಿಷ್‌ನಲ್ಲಿ ಓದಬೇಕು. ಅನಘ ಎಲ್ಲರಿಗಿಂತ ಮೊದಲು ಕೈ ಎತ್ತಿ ನನ್ನ ಹೆಸರು ಕೊಟ್ಟು ಬಂದಿದ್ದಳು. ನನ್ನ ಸ್ವಲ್ಪ ಸ್ವಲ್ಪ ಈಗ ಕುತ್ತಿಗೆಗೆ ಬಂತು. ಕಂಪ್ಯೂಟರಿನ ಮುಂದೆ ಕೂತು, ಬಾತ್‌ರೂಮಿನಲ್ಲಿ ನಿಂತು ಅಭ್ಯಾಸ ಮಾಡಿದೆ. ನಾಲಿಗೆಯ ಮೇಲೆ ನಿಂತದ್ದು ಗ್ರಾಸಿಯಾಸ್, ಅಂದರೆ ಥ್ಯಾಂಕ್ಸ್, ಒಂದೇ. ಈಗಲಾದರೂ ನಿಜ ಹೇಳಿರೆಂದು ಸುಮಿತ್ರಾ ಎಚ್ಚರಿಸಿದಳು. ನಿಜ ಹೇಳಿದರೆ ಮತ್ತೆ ಗ್ರ್ಯಾಂಡ್‌ಪಾ ಆಗಿಬಿಡುತ್ತೇನೇನೋ ಎಂಬ ಭಯ ನನಗೆ. ವಯಸ್ಸಾದ ಇಂಜಿನಿಯರಿಗೆ ಇಷ್ಟು ಭಯ ಬರಬಾರದು, ಆದರೆ ಬಂದಿತ್ತು.

ಆ ದಿನ ಈಕ್ವೆಡಾರಿನ ಒಬ್ಬ ಅಜ್ಜ ನನ್ನ ಕೈ ಕುಲುಕಿ ಸ್ಪ್ಯಾನಿಷ್‌ನಲ್ಲಿ ಏನೋ ಕೇಳಿದರು. ಗ್ರಾಸಿಯಾಸ್ ಎಂದೆ. ಅವರು ಮತ್ತೆ ಕೇಳಿದರು, ನಾನು ಮತ್ತೆ ಗ್ರಾಸಿಯಾಸ್ ಎಂದೆ. ಅವರು ಅನಘಳ ಕಡೆ ತಿರುಗಿ ಇಂಗ್ಲಿಷಿನಲ್ಲಿ, ಎಷ್ಟು ಜನ ಮೊಮ್ಮಕ್ಕಳು ಎಂದು ಕೇಳಿದೆ ಅಷ್ಟೇ ಎಂದರು. ಅವಳು ನನ್ನ ಸ್ವೆಟರ್ ಹಿಡಿದು ಜಗ್ಗಿದಳು. ಮುಖ ಸಣ್ಣದಾಗಿತ್ತು. ಅವಳು ಇಂಗ್ಲಿಷಿನಲ್ಲಿ ಪಿಸುಗುಟ್ಟಿದ್ದನ್ನು ಕನ್ನಡದಲ್ಲಿ ಹೇಳಿದರೆ ಇಷ್ಟು: "ನಿನಗೆ ಸ್ಪ್ಯಾನಿಷ್ ಬರೋದೇ ಇಲ್ವಾ? ಹಾಗಾದ್ರೆ ನೀನು ಹೇಗೆ ತಾತ?"

ಅಷ್ಟರಲ್ಲಿ ನನ್ನ ಸರದಿ ಕೂಗಿದರು. ಮಕ್ಕಳ ಕುರ್ಚಿಯಲ್ಲಿ ಮಂಡಿ ಗಲ್ಲಕ್ಕೆ ತಾಗುವಂತೆ ಕೂತು ಪುಟ ತೆರೆದೆ. ಮೆಣಸಿನಕಾಯಿ ಹುರಿಯುವ ಪುಟ. ತಾತ ಎಂಬ ಮೊದಲ ಮಾತನ್ನು ಘನವಾಗಿ ಓದಿದೆ. ಅಲ್ಲಿಗೆ ನಿಂತೆ. ಮಕ್ಕಳು ಕಾದವು, ಅಜ್ಜ ಅಜ್ಜಿಯರು ಕಾದರು, ಅನಘ ತನ್ನ ಶೂಗಳನ್ನು ನೋಡಿಕೊಳ್ಳುತ್ತಿದ್ದಳು. ನಿಮಗೆ ಬಂದ ಹಾಗೆ ಹೇಳಿ ಎಂದು ಮಾರ್ತಾ ಮೆಲ್ಲಗೆ ಅಂದರು. ಪುಸ್ತಕ ಮಡಿಸಿ ತೊಡೆಯ ಮೇಲಿಟ್ಟುಕೊಂಡೆ. "ತಾತ ಬಾಣಲೆ ಇಟ್ಟ. ಒಂದು ಹಿಡಿ ಮೆಣಸಿನಕಾಯಿ ಹಾಕಿದ. ಚಟಪಟ, ಚಟಪಟ. ಅಜ್ಜಿ ಬಂದಳು, ಚಿಕ್ಕಪ್ಪ ಬಂದ, ಅತ್ತೆ ಬಂದಳು. ಎಲ್ಲರಿಗಿಂತ ಜೋರಾಗಿ ಬಂತು ನೋಡಿ, ಘಾಟು!"

ಘಾಟಿಗೆ ಇಂಗ್ಲಿಷಿನಲ್ಲಿ ಮಾತಿಲ್ಲ. ಆದರೆ ನಮ್ಮ ಮನೆಯಲ್ಲಿ ಅದು ಅನಘಳಿಗೆ ಚೆನ್ನಾಗಿ ಗೊತ್ತು. ಸುಮಿತ್ರಾ ಸಾರಿನ ಪುಡಿಗೆ ಹುರಿಯುವಾಗ ಸ್ಮೋಕ್ ಅಲಾರಂ ಹೊಡೆದುಕೊಂಡು ನಾವೆಲ್ಲ ಗ್ಯಾರೇಜಿಗೆ ಓಡುವುದುಂಟು. ಆ ಮಾತು ಕಿವಿಗೆ ಬಿದ್ದದ್ದೇ ಅವಳು ತಲೆ ಎತ್ತಿ, ಗಂಟಲು ಹಿಡಿದುಕೊಂಡು, ಖೊಕ್ ಖೊಕ್ ಎಂದು ಕೆಮ್ಮಿದಳು. ಪಕ್ಕದ ಮಗು ಕೆಮ್ಮಿತು. ಕಾರ್ಪೆಟ್ಟಿನ ಮೇಲಿದ್ದ ಅಷ್ಟೂ ಮಕ್ಕಳು ಕೆಮ್ಮಿ ಉರುಳಾಡಿದವು, ಈಕ್ವೆಡಾರಿನ ಅಜ್ಜ ಕಣ್ಣೊರೆಸಿಕೊಂಡರು. ನಾನು ಉತ್ಸಾಹ ತಡೆಯಲಾರದೆ ಮತ್ತೊಂದು ಬಾಣಲೆ ಹುರಿದೆ.

ಗದ್ದಲ ಇಳಿದ ಮೇಲೆ ಮುಂದಿನ ಸಾಲಿನ ಹುಡುಗಿಯೊಬ್ಬಳು, ಇವರು ಮಾತಾಡಿದ್ದು ಸ್ಪ್ಯಾನಿಷ್ ಅಲ್ಲ ಎಂದು ಆಕ್ಷೇಪ ಎತ್ತಿದಳು. ಅನಘ ಎದ್ದು ನಿಂತಳು. ಅವಳ ಕಣ್ಣಲ್ಲಿದ್ದ ನೀರು ಅಳುವಿನದೋ ಕೆಮ್ಮಿನದೋ ಗೊತ್ತಿಲ್ಲ, ದನಿ ಮಾತ್ರ ಗಟ್ಟಿಯಾಗಿತ್ತು. ತನ್ನ ಇಂಗ್ಲಿಷಿನಲ್ಲಿ ಸಭೆಗೆಲ್ಲ ಕೇಳುವಂತೆ ಹೇಳಿದಳು: "ಅದೂ ಸ್ಪ್ಯಾನಿಷ್ಷೇ. ನಮ್ಮ ತಾತನ ಸ್ಪ್ಯಾನಿಷ್ ಬೇರೆ ಥರ. ಅದಕ್ಕೆ ಕನ್ನಡ ಅಂತಾರೆ."

ನನ್ನ ಬಾಯಿ ತುದಿಗೆ ಶಿಲಾಶಾಸನಗಳಿಂದ ಹಿಡಿದು ಎಲ್ಲವೂ ಬಂದಿತ್ತು. ಇನ್ನೊಂದು ಕ್ಷಣ ಕಳೆದಿದ್ದರೆ ಆ ಚಿಕ್ಕ ಕುರ್ಚಿಯಿಂದಲೇ ಕನ್ನಡದ ಪ್ರಾಚೀನತೆಯ ಮೇಲೆ ಉಪನ್ಯಾಸ ಮಾಡುತ್ತಿದ್ದೆ. ಅಷ್ಟರಲ್ಲಿ ಮಾರ್ತಾ ಗಂಭೀರವಾಗಿ ತಲೆಯಾಡಿಸಿ, ಇರಬಹುದು, ನಮ್ಮ ಚಿಲಿಯವರ ಮಾತು ಕೇಳಿದರೂ ಬೇರೆ ದೇಶದವರು ಇದು ಸ್ಪ್ಯಾನಿಷ್ಷೇ ಅಲ್ಲ ಅಂತಾರೆ ಎಂದರು. ಆಕ್ಷೇಪ ಎತ್ತಿದ ಹುಡುಗಿ ಒಪ್ಪಿಕೊಂಡು ಕೂತಳು. ಅನಘ ಬಂದು ನನ್ನ ಮಂಡಿಗೆ ಒರಗಿ ನಿಂತಳು. ನಾನು ಬಾಯಿ ಮುಚ್ಚಿಕೊಂಡೆ. ಅಷ್ಟು ಖುಷಿಯಿಂದ ಜನ್ಮದಲ್ಲಿ ನಾನು ಬಾಯಿ ಮುಚ್ಚಿಕೊಂಡದ್ದಿಲ್ಲ.

ಕನ್ನಡ ಕಲಿ ಎಂದರೆ ಓಡುತ್ತಿದ್ದ ಹುಡುಗಿ ಈಗ, ನಿನ್ನ ಸ್ಪ್ಯಾನಿಷ್ ಹೇಳಿಕೊಡು ಎಂದು ಬೆನ್ನು ಹತ್ತಿದ್ದಾಳೆ. ದಿನಾ ಸ್ಕೂಲಿನಿಂದ ಬಂದು ಸ್ಲೇಟು ಹಿಡಿದು ಕೂರುತ್ತಾಳೆ. ಅಕ್ಷರಮಾಲೆ ಮುಗಿದಿದೆ, ಕಾಗುಣಿತಕ್ಕೆ ಬಂದಿದ್ದೇವೆ. ಒತ್ತಕ್ಷರಕ್ಕೆ ಬಂದಾಗ ಅನುಮಾನ ಹುಟ್ಟೀತು ಎಂದು ಸುಮಿತ್ರಾ ಹೆದರಿಸುತ್ತಾಳೆ. ಹುಟ್ಟಲಿ ಬಿಡಿ. ಇದು ಸ್ಪ್ಯಾನಿಷ್ ಅಲ್ಲ, ತಾತ ಮೋಸ ಮಾಡಿದ ಎಂದು ಅವಳು ಪತ್ತೆ ಹಚ್ಚುವ ಹೊತ್ತಿಗೆ ಬಹಳ ತಡವಾಗಿರುತ್ತದೆ, ಅಷ್ಟರಲ್ಲಿ ಅವಳಿಗೆ ನನ್ನನ್ನು ಕನ್ನಡದಲ್ಲೇ ಬೈಯಲು ಬಂದುಬಿಟ್ಟಿರುತ್ತದೆ.